ಆಂಜೆಲೋಪೌಲೋಸ್ ಚಿತ್ರಗಳನ್ನು ನಾನು ಶಾಟ್‌ ಶಾಟ್ ಆಗಿ ಓದುವ ಕ್ರಮ

ಗ್ರೀಸಿನ ನಿರ್ದೇಶಕ, ಚಿತ್ರಕಥೆಗಾರ ಥಿಯೋ ಆಂಜೆಲೋಪೌಲೋಸ್ (1935–2012) ಅವರ ಚಿತ್ರಗಳನ್ನು ಹೇಳಿಕೊಡುವಾಗ ನಾನು 'ದಿ ಟ್ರಾವೆಲಿಂಗ್ ಪ್ಲೇಯರ್ಸ್'ನಿಂದ ಶುರು ಮಾಡುವುದಿಲ್ಲ. ಊರೂರು ಸುತ್ತುವ ನಾಟಕ ತಂಡವೊಂದರ ಮೂಲಕ ಗ್ರೀಸಿನ ಇತಿಹಾಸ ಹೇಳುವ, ಸುಮಾರು ನಾಲ್ಕು ಗಂಟೆಯ ಆ ಚಿತ್ರವನ್ನು ತಯಾರಿಯಿಲ್ಲದೆ ನೋಡಿದರೆ ಯಾವ ಇಸವಿಯಲ್ಲಿದ್ದೇವೆ ಎಂಬುದೇ ತಪ್ಪಿಹೋಗುತ್ತದೆ. ಮೊದಲು 1970ರ ಕಪ್ಪು ಬಿಳುಪಿನ 'ರೀಕನ್‌ಸ್ಟ್ರಕ್ಷನ್' ನೋಡಬೇಕು. ಜರ್ಮನಿಯಲ್ಲಿ ದುಡಿದು ಊರಿಗೆ ಮರಳಿದ ಗಂಡನನ್ನು ಹೆಂಡತಿ ಮತ್ತು ಅವಳ ಪ್ರಿಯಕರ ಕೊಲ್ಲುತ್ತಾರೆ. ಪೊಲೀಸರು, ಪತ್ರಕರ್ತರು ಎಲ್ಲರೂ ಅದನ್ನೇ ಕೆದಕುತ್ತಾರೆ, ಆದರೆ ಕೊಲೆ ಮಾತ್ರ ನಮಗೆ ಕಾಣುವುದಿಲ್ಲ. ಅದು ನಡೆಯುವ ಹೊತ್ತಿಗೆ ಕ್ಯಾಮೆರಾ ಮನೆಯ ಹೊರಗೇ ನಿಂತಿರುತ್ತದೆ. ಮುಂದಿನ ನಲವತ್ತು ವರ್ಷಗಳ ಪಾಠ ಆ ಒಂದು ಶಾಟ್‌ನಲ್ಲಿದೆ (ಶಾಟ್ ಅಂದರೆ ನಡುವೆ ಕಟ್ ಇಲ್ಲದೆ ಒಂದೇ ಓಟದಲ್ಲಿ ತೆಗೆದ ತುಣುಕು).

ಎರಡನೆಯದು 1972ರ 'ಡೇಸ್ ಆಫ್ 36'. ಆಗ ಗ್ರೀಸಿನಲ್ಲಿ ಮಿಲಿಟರಿ ಆಡಳಿತ. ಆಂಜೆಲೋಪೌಲೋಸ್ ವಿಮರ್ಶೆ ಬರೆಯುತ್ತಿದ್ದ ಎಡಪಂಥೀಯ ಪತ್ರಿಕೆಯನ್ನು 1967ರಲ್ಲೇ ಮುಚ್ಚಿಸಲಾಗಿತ್ತು. ಚಿತ್ರದ ಮುಖ್ಯ ಮಾತೆಲ್ಲ ಮುಚ್ಚಿದ ಬಾಗಿಲ ಹಿಂದೆ, ಟೆಲಿಫೋನಿನಲ್ಲಿ, ಪಿಸುಮಾತಿನಲ್ಲಿ ನಡೆಯುತ್ತದೆ. ಇದನ್ನು ಬರೀ ಶೈಲಿ ಅಂದುಕೊಂಡರೆ ಅರ್ಧ ಮಾತ್ರ ಅರ್ಥವಾದಂತೆ. ಬಾಯಿಬಿಟ್ಟು ಹೇಳಲಾಗದ್ದನ್ನು ಫ್ರೇಮಿನ ಆಚೆಗೆ ಇಡುವುದನ್ನು ಅವರು ಸೆನ್ಸಾರಿನ ಕಾಲದಲ್ಲಿ ರೂಢಿಸಿಕೊಂಡರು, ಸೆನ್ಸಾರ್ ಹೋದ ಮೇಲೂ ಬಿಡಲಿಲ್ಲ. 1988ರ 'ಲ್ಯಾಂಡ್‌ಸ್ಕೇಪ್ ಇನ್ ದಿ ಮಿಸ್ಟ್'ನಲ್ಲಿ ಲಾರಿಯ ಹಿಂದೆ ಹುಡುಗಿಯ ಮೇಲೆ ನಡೆಯುವ ಅತ್ಯಾಚಾರವನ್ನು ಟಾರ್ಪಾಲು ಮುಚ್ಚಿರುತ್ತದೆ. ಕ್ಯಾಮೆರಾ ಆ ಟಾರ್ಪಾಲನ್ನೇ ನೋಡುತ್ತ ಇರುತ್ತದೆ. ತೋರಿಸಿದ್ದರೂ ಅಷ್ಟು ಕಂಗೆಡಿಸುತ್ತಿರಲಿಲ್ಲ.

ಇಷ್ಟಾದ ಮೇಲೆ 1975ರ 'ಟ್ರಾವೆಲಿಂಗ್ ಪ್ಲೇಯರ್ಸ್'. ಕೂರುವ ಮುಂಚೆ ಒಂದು ಚೀಟಿ ಬರೆದಿಟ್ಟುಕೊಳ್ಳಿ: ಆಗಸ್ಟ್ 1936ರಲ್ಲಿ ಮೆಟಾಕ್ಸಾಸ್ ಸರ್ವಾಧಿಕಾರ; ಅಕ್ಟೋಬರ್ 1940ರಲ್ಲಿ ಇಟಲಿಯ ದಾಳಿ; ಏಪ್ರಿಲ್ 1941ರಲ್ಲಿ ಜರ್ಮನರ ದಾಳಿ; ಅಕ್ಟೋಬರ್ 1944ರಲ್ಲಿ ಬಿಡುಗಡೆ; ಅದೇ ಡಿಸೆಂಬರಿನಲ್ಲಿ ಅಥೆನ್ಸಿನ ಗುಂಡಿನ ಕಾಳಗ; 1946ರಿಂದ 49ರವರೆಗೆ ಅಂತರ್ಯುದ್ಧ; ನವೆಂಬರ್ 1952ರಲ್ಲಿ ಬಲಪಂಥೀಯ ಸೇನಾನಿ ಪಪಾಗೋಸ್ ಗೆದ್ದ ಚುನಾವಣೆ. ಪಾತ್ರಗಳಿಗೆ ಎಲೆಕ್ಟ್ರಾ, ಒರೆಸ್ಟೀಸ್ ಎಂದು ಹೆಸರಿದೆಯೆಂದು ಗ್ರೀಕ್ ಪುರಾಣದ ಹಿಂದೆ ಹೋಗಬೇಡಿ, ಅದು ಹಂದರ ಅಷ್ಟೇ. ಈ ಚೀಟಿ ಇಲ್ಲದೆ ಚಿತ್ರ ಕೈಗೆ ಸಿಗುವುದಿಲ್ಲ.

ಇಡೀ ಚಿತ್ರದಲ್ಲಿ ಶಾಟ್‌ಗಳು ಎಂಬತ್ತರ ಆಸುಪಾಸು ಮಾತ್ರ, ಹಾಗಾಗಿ ಒಂದೊಂದನ್ನೂ ಬಿಡಿಯಾಗಿ ಓದಬಹುದು. ನಾನು ಒಂದು ಶಾಟ್‌ಗೆ ಒಂದು ಎ4 ಹಾಳೆ ಇಡುತ್ತೇನೆ. ಮೇಲರ್ಧದಲ್ಲಿ ಜಾಗದ ನಕ್ಷೆ: ಕ್ಯಾಮೆರಾ ಎಲ್ಲಿ, ಎತ್ತ ಸರಿಯಿತು, ಯಾರು ಎಲ್ಲಿಂದ ಬಂದು ಎಲ್ಲಿಗೆ ಹೋದರು. ಕೆಳಗೆ ಮೂವತ್ತು ಸೆಕೆಂಡಿಗೊಂದು ಗೆರೆ, ಪಕ್ಕದಲ್ಲಿ ಶಬ್ದ ಮತ್ತು ಇಸವಿ. ಫ್ರೇಮ್ ಖಾಲಿಯಾದ ಕಡೆ ಒಂದು ಸುತ್ತು. ಮೊದಲ ಸಲ ಎಲ್ಲೂ ನಿಲ್ಲಿಸದೆ ನೋಡಬೇಕು, ಎರಡನೆಯ ಸಲ ಶಬ್ದ ಆಫ್ ಮಾಡಿ, ಮೂರನೆಯ ಸಲ ಪರದೆಗೆ ಬೆನ್ನು ಹಾಕಿ ಬರೀ ಕೇಳಬೇಕು. ಹಾಳೆ ತುಂಬುವುದು ಆಮೇಲೆ.

1946ರ ಹೊಸ ವರ್ಷದ ಶಾಟ್ ತೆಗೆದುಕೊಳ್ಳಿ. ಡ್ಯಾನ್ಸ್ ಹಾಲಿನಿಂದ ಹೊರಬಿದ್ದ ಬಲಪಂಥೀಯರ ಗುಂಪು ಕುಡಿದ ಅಮಲಿನಲ್ಲಿ ಬೀದಿಗುಂಟ ನಡೆಯುತ್ತದೆ, ಕ್ಯಾಮೆರಾ ಜೊತೆಗೇ ಸಾಗುತ್ತದೆ. ತೂರಾಟ ಮೆಲ್ಲಗೆ ಕವಾಯತಿನ ಹೆಜ್ಜೆಯಾಗುತ್ತದೆ. ಬೀದಿ ಮುಗಿಯುವಲ್ಲಿ 1952ರ ಪಪಾಗೋಸ್ ಸಭೆ ನಡೆಯುತ್ತಿರುತ್ತದೆ. ಎಲ್ಲೂ ಕಟ್ ಇಲ್ಲ. ಶಬ್ದವಿಲ್ಲದೆ ನೋಡಿದಾಗ ಕಣ್ಣು ಸಬ್‌ಟೈಟಲ್ಲಿಗೆ ಓಡದೆ ಕಾಲುಗಳ ಮೇಲೆ ನಿಲ್ಲುತ್ತದೆ, ಇಸವಿ ದಾಟುತ್ತಿರುವುದು ಆಗಲೇ ತಿಳಿಯುವುದು. ಇಲ್ಲಿ ಕಟ್ ಹಾಕಿದ್ದರೆ ಅದು 'ಆರು ವರ್ಷಗಳ ನಂತರ' ಆಗುತ್ತಿತ್ತು. ಕಟ್ ಇಲ್ಲದ್ದರಿಂದ, ಅದೇ ಜನ ನಡೆಯುತ್ತ ಬಂದು ಅಧಿಕಾರಕ್ಕೆ ಸೇರಿದರು ಎಂಬ ಆರೋಪವಾಗುತ್ತದೆ.

ಎಡವುವುದು ಸಾಮಾನ್ಯವಾಗಿ ಸಣ್ಣ ವಿಷಯಗಳಲ್ಲಿ. ಅಂಚು ಕತ್ತರಿಸಿದ ಪ್ರತಿಯಲ್ಲಿ ನೋಡಿದರೆ ದೂರದ ಮೂಲೆಯಿಂದ ಬರುವ ವ್ಯಕ್ತಿ ಹಾಜರಾಗುವುದೇ ತಡವಾಗಿ. ಫೋನಿನ ಪರದೆಯಲ್ಲಂತೂ ಬೇಡವೇ ಬೇಡ, ಅವರು ಕ್ಲೋಸಪ್ ಕೊಡುವುದು ತೀರಾ ಅಪರೂಪ. ಮಾಸಲು ಬಣ್ಣ ಕಂಡು ಟಿವಿಯ ಬ್ರೈಟ್‌ನೆಸ್ ಏರಿಸಬೇಡಿ. ಅವರು ಮತ್ತು ಛಾಯಾಗ್ರಾಹಕ ಯೋರ್ಗೋಸ್ ಅರ್ವಾನಿಟಿಸ್ ಮೋಡ ಕವಿಯಲೆಂದೇ ಕಾಯುತ್ತಿದ್ದರು. ಪ್ರವಾಸಿಗರ ಬಿಸಿಲಿನ ಗ್ರೀಸ್ ಅವರಿಗೆ ಬೇಕಿರಲಿಲ್ಲ.

1984ರ 'ವಾಯೇಜ್ ಟು ಸಿಥೆರಾ'ದಿಂದ ಹಾಳೆಗೆ ಇನ್ನೊಂದು ಕಾಲಂ ಸೇರಿಸಬೇಕು: ಸಂಗೀತ. ಮೊದಲಿನ ಚಿತ್ರಗಳಲ್ಲಿ ಹಾಡು ಹೆಚ್ಚಾಗಿ ದೃಶ್ಯದೊಳಗಿನವರ ಬಾಯಿಂದಲೇ ಬರುತ್ತದೆ, ಇಲ್ಲಿಂದ ಎಲೆನಿ ಕರೈಂದ್ರೂ ಅವರ ಸಂಗೀತ ಹೊರಗಿನಿಂದ ಬರುತ್ತದೆ. ಬರವಣಿಗೆಗೆ ಇಟಲಿಯ ಚಿತ್ರಕಥೆಗಾರ ಟೋನಿನೋ ಗುವೆರ್ರಾ ಜೊತೆಯಾದದ್ದೂ ಆಗಲೇ, ಕಾನ್ ಚಿತ್ರೋತ್ಸವದಲ್ಲಿ ಚಿತ್ರಕಥೆಯ ಪ್ರಶಸ್ತಿಯೂ ಬಂತು. ಗುಂಪಿನ ಜಾಗಕ್ಕೆ ಒಬ್ಬಂಟಿ ಮನುಷ್ಯ ಬರುತ್ತಾನೆ. 1998ರಲ್ಲಿ ಕಾನ್‌ನ ಅತ್ಯುನ್ನತ ಪ್ರಶಸ್ತಿ ಪಾಮ್ ಡೋರ್ ಗೆದ್ದ 'ಇಟರ್ನಿಟಿ ಅಂಡ್ ಎ ಡೇ' ಇದೇ ದಾರಿಯದು. ನನಗೆ ಮೊದಲ ಹತ್ತು ವರ್ಷಗಳ ಚಿತ್ರಗಳೇ ಹೆಚ್ಚು ಗಟ್ಟಿ ಅನಿಸುತ್ತವೆ.

ಆದರೂ 1995ರ 'ಯುಲಿಸಿಸ್ ಗೇಜ್'ನ ಹೊಸ ವರ್ಷದ ಶಾಟ್‌ಗೆ ಒಂದು ಹಾಳೆ ಇಡಲೇಬೇಕು. ರುಮೇನಿಯದ ಕಾನ್‌ಸ್ಟಾಂಟಾದ ಒಂದು ಮನೆ, ಒಂದೇ ಕುಣಿತ, ಅಷ್ಟರಲ್ಲಿ 1945ರಿಂದ 1950 ಕಳೆಯುತ್ತದೆ. ಬಂಧುವನ್ನು ಕರೆದೊಯ್ಯುತ್ತಾರೆ, ಸಾಮಾನು ಜಪ್ತಿ ಮಾಡಿ ಪಿಯಾನೊ ಹೊತ್ತೊಯ್ಯುತ್ತಾರೆ. 1975ರಲ್ಲಿ ಕಾಲ ದಾಟಲು ಒಂದು ಬೀದಿಯೇ ಬೇಕಾಗಿತ್ತು, ಇಲ್ಲಿ ಹಜಾರ ಸಾಕು. ಎರಡೂ ಹಾಳೆಗಳನ್ನು ಅಕ್ಕಪಕ್ಕ ಇಟ್ಟು, ಪ್ರತಿ ಸಲ ಇಸವಿ ಬದಲಾಗುವ ಮುನ್ನ ಫ್ರೇಮಿನಲ್ಲಿ ಯಾರು ಉಳಿದಿದ್ದರು ಎಂದು ನೋಡಿ.