ವಜಾ ಆದ ಮೇಲೆ ಉಳಿದ ಎಂಟು ದಿನ

ಆಕೆ ನನ್ನ ವಕೀಲಿ ಕಚೇರಿಗೆ ಬಂದಾಗ ಅವರ ವಿಚ್ಛೇದನದ ಅರ್ಜಿ ವಜಾ ಆಗಿ 22 ದಿನ ಕಳೆದಿತ್ತು. ವಿಷಯ ಅವರಿಗೆ ಗೊತ್ತಾದದ್ದು ಹಿಂದಿನ ದಿನ. ವಾಯಿದೆಯಂದು ಮಗನಿಗೆ ಡೆಂಗಿ ಜ್ವರ, ತಾಯಿ ಮಗ ಇಬ್ಬರೂ ಆಸ್ಪತ್ರೆಯಲ್ಲಿದ್ದರು. ಇನ್ನೊಂದು ವಾಯಿದೆ ಕೊಟ್ಟಿರುತ್ತಾರೆ ಅಂದುಕೊಂಡಿದ್ದರು.

"ಹೊಸದಾಗಿ ಹಾಕಿಬಿಡೋಣ ಮೇಡಂ" ಅಂದರು. ಯಾರೋ ಹಾಗೆ ಹೇಳಿ ಕಳಿಸಿದ್ದರು. ನಾನು ಬೇಡ ಅಂದೆ.

ಮೊದಲು ಆರ್ಡರ್ ಶೀಟಿನ, ಅಂದರೆ ಪ್ರತಿ ವಾಯಿದೆಯಲ್ಲಿ ನಡೆದದ್ದನ್ನು ಕೋರ್ಟ್ ಬರೆದಿಡುವ ಹಾಳೆಯ, ನಕಲಿಗೆ ಅರ್ಜಿ ಕೊಟ್ಟೆ. ಕೇಸ್ ಕೂಗಿದಾಗ ಯಾರಿದ್ದರು, ಯಾರಿರಲಿಲ್ಲ ಅನ್ನುವ ಒಂದು ಸಾಲು ಅಲ್ಲಿರುತ್ತದೆ. ನನಗೆ ಬೇಕಿದ್ದದ್ದು ಅದೇ. ಕೌಟುಂಬಿಕ ನ್ಯಾಯಾಲಯದ ಇಂಥ ಅರ್ಜಿಗಳಿಗೂ ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶ ಅನ್ವಯಿಸುತ್ತದೆ. ಇಬ್ಬರೂ ಬಾರದೆ 3ನೇ ನಿಯಮದಲ್ಲಿ ವಜಾ ಆಗಿದ್ದರೆ ಹೊಸ ಅರ್ಜಿಗೂ ದಾರಿ ಇರುತ್ತದೆ. ಎದುರುದಾರರು ಬಂದು ಅರ್ಜಿದಾರರು ಬಾರದಿದ್ದರೆ 8ನೇ ನಿಯಮ. ಆಗ ಅದೇ ಕಾರಣದ ಮೇಲೆ ಮತ್ತೆ ಅರ್ಜಿ ಹಾಕಲು 9ನೇ ನಿಯಮ ಅಡ್ಡ ಬರುತ್ತದೆ. ನಮ್ಮ ಆರ್ಡರ್ ಶೀಟಿನಲ್ಲಿ ಗಂಡನ ಹಾಜರಿ ಇತ್ತು.

ಬೇಡ ಅನ್ನಲು ಇನ್ನೊಂದು ಕಾರಣ ದುಡ್ಡಿನದು. ಕೇಸ್ ಮುಗಿಯುವವರೆಗಿನ ಖರ್ಚಿಗೆ ಗಂಡನಿಂದ ಹಣ ಕೇಳಿ 14 ತಿಂಗಳ ಹಿಂದೆಯೇ ಹಾಕಿದ್ದ ಮಧ್ಯಂತರ ಜೀವನಾಂಶದ ಅರ್ಜಿ ಇನ್ನೂ ತೀರ್ಮಾನವಾಗಿರಲಿಲ್ಲ. ಜೀವನಾಂಶವನ್ನು ಅರ್ಜಿ ಹಾಕಿದ ದಿನದಿಂದ ಕೊಡಬೇಕು ಅಂತ 2020ರಲ್ಲಿ ರಜನೀಶ್ ವಿರುದ್ಧ ನೇಹಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಹೊಸ ಅರ್ಜಿ ಅಂದರೆ ಹೊಸ ತಾರೀಖು. ಒಂದು ಮಗುವನ್ನು ಸಾಕುತ್ತಿರುವ ತಾಯಿಗೆ 14 ತಿಂಗಳು ಸಣ್ಣ ಮಾತಲ್ಲ, ಅಲ್ವಾ?

ಹಾಗಾಗಿ ಉಳಿದ ದಾರಿ, ವಜಾ ರದ್ದು ಮಾಡಿ ಹಳೆಯ ಅರ್ಜಿಯನ್ನೇ ಮುಂದುವರಿಸಿ ಅಂತ ಕೇಳುವುದು. ಅದಕ್ಕೆ ಇರುವುದು 30 ದಿನ. ಅದು ವಜಾ ಆದ ದಿನದಿಂದ ಲೆಕ್ಕ, ನಮಗೆ ತಿಳಿದ ದಿನದಿಂದಲ್ಲ. ತಡವಾದರೆ ಕಾಲಮಿತಿ ಕಾಯ್ದೆಯ 5ನೇ ಕಲಮಿನಲ್ಲಿ ವಿಳಂಬ ಮನ್ನಾ ಕೇಳಬಹುದು. ಆದರೆ ಆಗ ಬಾರದಿದ್ದಕ್ಕೂ ಕಾರಣ ಕೊಡಬೇಕು, ತಡವಾದದ್ದಕ್ಕೂ ಕೊಡಬೇಕು. ನಮಗೆ ಎಂಟು ದಿನ ಉಳಿದಿತ್ತು. ನಾಲ್ಕನೇ ದಿನ ಅರ್ಜಿ ಸಲ್ಲಿಸಿದೆ.

ಜಾಸ್ತಿ ಹೊತ್ತು ಹಿಡಿದದ್ದು ಅಫಿಡವಿಟ್. "ಅನಾರೋಗ್ಯದ ನಿಮಿತ್ತ" ಅಂತ ಸುಮ್ನೆ ಬರೆದರೆ ಸಾಲದು. ಮಗುವನ್ನು ಯಾವ ದಿನ ದಾಖಲಿಸಿದರು, ಯಾವ ದಿನ ಮನೆಗೆ ಕಳಿಸಿದರು, ಜೊತೆಗೆ ನಿಲ್ಲಲು ಬೇರೆ ಯಾರೂ ಏಕೆ ಇರಲಿಲ್ಲ, ವಕೀಲರಿಗೆ ಏಕೆ ತಿಳಿಸಲಿಲ್ಲ, ಎಲ್ಲವನ್ನೂ ಅವರ ಮಾತಿನಲ್ಲೇ ಬರೆದೆ. ಡಿಸ್ಚಾರ್ಜ್ ಸಮ್ಮರಿ ಲಗತ್ತಿಸಿದೆ. ಫೋನ್ ಮಾಡಲು ಮರೆತೆ ಅಂದರು, ಅದನ್ನೂ ಹಾಗೇ ಬರೆದೆ. ಮುಚ್ಚಿಟ್ಟರೆ ಎದುರು ವಕೀಲರು ಅದನ್ನೇ ಹಿಡಿಯುತ್ತಾರೆ.

9ನೇ ನಿಯಮದಲ್ಲಿ ಎದುರುದಾರರಿಗೆ ನೋಟಿಸ್ ಕೊಡಲೇಬೇಕು. ಅದಕ್ಕೆ ಎರಡು ವಾಯಿದೆ ಹೋಯಿತು. ಬೇಕೆಂದೇ ಎಳೆಯುತ್ತಿದ್ದಾರೆ ಅಂತ ಗಂಡನ ಕಡೆಯಿಂದ ತಕರಾರು ಬಂತು. ಹಿಂದಿನ ವಾಯಿದೆಗಳ ಹಾಜರಿಯನ್ನು ನಾನು ಪಟ್ಟಿ ಮಾಡಿಕೊಂಡು ಹೋಗಿದ್ದೆ. ಹನ್ನೊಂದರಲ್ಲಿ ಹತ್ತಕ್ಕೆ ಆಕೆ ಖುದ್ದಾಗಿ ಬಂದಿದ್ದರು. ಕೌಟುಂಬಿಕ ನ್ಯಾಯಾಲಯದಲ್ಲಿ ವಕೀಲರಿಗೆ ಹಕ್ಕಿನ ಪ್ರವೇಶವಿಲ್ಲ, ಕೋರ್ಟ್ ಒಪ್ಪಿದರೆ ಮಾತ್ರ; ಅಲ್ಲಿ ಕಕ್ಷಿದಾರರ ಹಾಜರಿಗೇ ತೂಕ. ನ್ಯಾಯಾಧೀಶರು ಆ ಪಟ್ಟಿ ನೋಡಿದರು. ಆಮೇಲೆ ಆಕೆಯನ್ನೇ ಕರೆದು, ಮಗ ಈಗ ಹೇಗಿದ್ದಾನೆ ಅಂತ ಕೇಳಿದರು.

ಎದುರುದಾರರಿಗೆ 1,000 ರೂಪಾಯಿ ವೆಚ್ಚ ಕೊಡುವ ಷರತ್ತಿನ ಮೇಲೆ ವಜಾ ಆದೇಶ ರದ್ದಾಯಿತು. ಹಣವನ್ನು ಅಂದೇ ಕೊಟ್ಟು ರಸೀದಿ ಪಡೆದೆವು. ಹಳೆಯ ನಂಬರಿನಲ್ಲೇ ಕೇಸ್ ಮತ್ತೆ ಪಟ್ಟಿಗೆ ಬಂತು. ಮಧ್ಯಂತರ ಜೀವನಾಂಶದ ಅರ್ಜಿಯೂ ಅದೇ ಹಳೆಯ ತಾರೀಖಿನೊಂದಿಗೆ ವಾದಕ್ಕೆ ನಿಂತಿದೆ.