ಪಹಣಿಯಲ್ಲಿದ್ದು ನೆಲದಲ್ಲಿಲ್ಲದ ಆರು ಗುಂಟೆ: ಪಕ್ಕದವರೊಂದಿಗಿನ ತಕರಾರು ಬಗೆಹರಿದ ರೀತಿ

ತಿಪಟೂರು ತಾಲ್ಲೂಕಿನ ನಮ್ಮ ತೆಂಗಿನ ತೋಟವೂ ಪಕ್ಕದ ಹಿರಿಯರ ಜಮೀನೂ ಒಂದೇ ಸರ್ವೆ ನಂಬರಿಗೆ ಸೇರಿದವು. ಎರಡೂ ಮನೆಯವರು ಒಂದೇ ಮೂಲ ಮಾಲೀಕರಿಂದ ಬೇರೆ ಬೇರೆ ಕಾಲದಲ್ಲಿ ಕ್ರಯಕ್ಕೆ ಪಡೆದಿದ್ದರು. ಪೋಡಿ (ಒಂದೇ ಸರ್ವೆ ನಂಬರನ್ನು ಅಳೆದು ಮಾಲೀಕರವಾರು ಬೇರ್ಪಡಿಸುವುದು) ಆಗಿರಲಿಲ್ಲವಾದ್ದರಿಂದ ಒಂದೇ ಪಹಣಿಯ 9ನೇ ಕಾಲಂನಲ್ಲಿ ಅವರ ಹೆಸರಿಗೆ 2 ಎಕರೆ 20 ಗುಂಟೆ, ನಮ್ಮ ಹೆಸರಿಗೆ 1 ಎಕರೆ 30 ಗುಂಟೆ ಎಂದು ನಮೂದಾಗಿತ್ತು. ಹನಿ ನೀರಾವರಿಯ ಪೈಪು ಹಾಕಿಸುವ ಮುನ್ನ ಅವರು ಖಾಸಗಿಯಾಗಿ ಅಳತೆ ಮಾಡಿಸಿದಾಗ ಆರು ಗುಂಟೆ ಕಡಿಮೆ ಬಂದಿತು. ನಡುವಿನ ಬದುವನ್ನು ನಾವು ಒತ್ತಿದ್ದೇವೆ ಎಂಬ ಮಾತು ಅಲ್ಲಿಂದ ಶುರುವಾಯಿತು.

"ಕಾಗದದಲ್ಲಿರೋದು ಸುಳ್ಳೇನಪ್ಪಾ? ಇಷ್ಟು ವರ್ಷ ಎರಡೂವರೆ ಎಕರೆಗೆ ಕಂದಾಯ ಕಟ್ಟಿಲ್ವಾ ನಾನು?" ಎಂದು ಅವರು ಕೇಳಿದ್ದರಲ್ಲಿ ದುರುದ್ದೇಶವಿರಲಿಲ್ಲ. ಇದನ್ನು ಮೊದಲೇ ಹೇಳುವುದಕ್ಕೆ ಕಾರಣವಿದೆ. ಇಂತಹ ತಕರಾರುಗಳಲ್ಲಿ ಎದುರಿನವರು ಮೋಸ ಮಾಡುತ್ತಿದ್ದಾರೆಂದು ಎರಡೂ ಕಡೆಯವರು ನಂಬಿರುತ್ತಾರೆ; ಆದರೆ ಬಹಳ ಸಲ ಇಬ್ಬರೂ ತಮ್ಮ ತಮ್ಮ ಕಾಗದವನ್ನು ಪ್ರಾಮಾಣಿಕವಾಗಿಯೇ ಓದಿರುತ್ತಾರೆ.

ಕರ್ನಾಟಕ ಭೂ ಕಂದಾಯ ಕಾಯ್ದೆ, 1964ರ 133ನೇ ಕಲಮಿನ ಪ್ರಕಾರ ಪಹಣಿಯ ನಮೂದನ್ನು ಬೇರೆ ರೀತಿ ರುಜುವಾತಾಗುವವರೆಗೆ ಸರಿಯೆಂದು ಭಾವಿಸಲಾಗುತ್ತದೆ. ರುಜುವಾತಾಗುವವರೆಗೆ ಮಾತ್ರ. ಪಹಣಿಯು ಹಕ್ಕನ್ನು ಸೃಷ್ಟಿಸುವುದಿಲ್ಲ, ಗಡಿ ಎಲ್ಲಿದೆ ಎಂದೂ ತಿಳಿಸುವುದಿಲ್ಲ. ಆದ್ದರಿಂದ ನಾನು ವಾದಕ್ಕೆ ನಿಲ್ಲದೆ ಸರ್ವೆ ಕಚೇರಿಯ ಅಭಿಲೇಖಾಲಯದಿಂದ ಆಕಾರಬಂದ್ (ಸರ್ವೆ ನಂಬರಿನ ವಿಸ್ತೀರ್ಣದ ಮೂಲ ದಾಖಲೆ), ಮೂಲ ಟಿಪ್ಪಣಿ (ಸರ್ವೆಯ ಅಳತೆಗಳನ್ನು ಬರೆದ ನಕ್ಷೆ), ಖರಾಬು ಉತಾರ (ಸಾಗುವಳಿ ಲೆಕ್ಕದಿಂದ ಬಿಟ್ಟ ಭೂಮಿಯ ವಿವರ) ಹಾಗೂ ಗ್ರಾಮ ನಕಾಶೆಯ ದೃಢೀಕೃತ ಪ್ರತಿಗಳನ್ನೂ, ಉಪನೋಂದಣಾಧಿಕಾರಿಗಳ ಕಚೇರಿಯಿಂದ ಎರಡೂ ಕ್ರಯಪತ್ರಗಳ ನಕಲನ್ನೂ ತೆಗೆಸಿದೆ. ಪ್ರತಿಯೊಂದನ್ನೂ ಎರಡೆರಡು ಪ್ರತಿ ತೆಗೆಸಿ, ಒಂದು ಕಟ್ಟನ್ನು ಅವರ ಮನೆಗೇ ಕೊಂಡೊಯ್ದು ಕೊಟ್ಟೆ. ಇಡೀ ಪ್ರಕರಣದಲ್ಲಿ ನಾನು ಮಾಡಿದ ಅತ್ಯಂತ ಉಪಯುಕ್ತ ಕೆಲಸ ಇದೇ ಎಂದು ಈಗಲೂ ನಂಬುತ್ತೇನೆ. ಒಬ್ಬರ ಕೈಯಲ್ಲಿ ಮಾತ್ರ ಇರುವ ದಾಖಲೆಯನ್ನು ಇನ್ನೊಬ್ಬರು ಸಂಶಯದಿಂದಲೇ ನೋಡುತ್ತಾರೆ.

ಅವರ ಜಗಲಿಯ ಮೇಲೆ ಅವರ ಮಗನನ್ನೂ ಕೂರಿಸಿಕೊಂಡು ಕಾಗದಗಳನ್ನು ಸಾಲಾಗಿ ಹರಡಿದೆವು. ಆಕಾರಬಂದ್‌ನಲ್ಲಿ ಒಟ್ಟು ವಿಸ್ತೀರ್ಣ 4 ಎಕರೆ 10 ಗುಂಟೆ, ಅದರಲ್ಲಿ ಖರಾಬು 6 ಗುಂಟೆ, ಉಳಿದದ್ದು 4 ಎಕರೆ 4 ಗುಂಟೆ. ಪಹಣಿಯ 3ನೇ ಕಾಲಂನಲ್ಲಿಯೂ ಇದೇ ಅಂಕಿಗಳಿದ್ದವು. ಆದರೆ 9ನೇ ಕಾಲಂನ ಎರಡು ಹೆಸರುಗಳ ವಿಸ್ತೀರ್ಣವನ್ನು ಕೂಡಿದರೆ ಪೂರ್ತಿ 4 ಎಕರೆ 10 ಗುಂಟೆ ಆಗುತ್ತಿತ್ತು. ಅಂದರೆ ಖರಾಬು ಯಾರದೋ ಪಾಲಿನೊಳಗೆ ಸೇರಿಹೋಗಿತ್ತು. ಖರಾಬು ಉತಾರದಲ್ಲಿ ಅದು ಹಳ್ಳವೆಂದು, ಬಿ ಖರಾಬೆಂದು ಬರೆದಿತ್ತು. ಸಾಗುವಳಿಗೆ ಬಾರದ ಎ ಖರಾಬು ಹಿಡುವಳಿದಾರನ ಸ್ವಾಧೀನದಲ್ಲೇ ಇರುತ್ತದೆ. ದಾರಿ, ಹಳ್ಳ, ಸ್ಮಶಾನದಂತಹ ಸಾರ್ವಜನಿಕ ಬಳಕೆಯ ಬಿ ಖರಾಬನ್ನು ಯಾರೂ ಮಾರುವಂತಿಲ್ಲ, ಕೊಳ್ಳುವಂತಿಲ್ಲ.

ನಂತರ ಹಿರಿಯರ ಕ್ರಯಪತ್ರದ ಚೆಕ್ಕುಬಂದಿಯನ್ನು, ಅಂದರೆ ನಾಲ್ಕು ದಿಕ್ಕಿನ ಎಲ್ಲೆಗಳ ವಿವರವನ್ನು, ಅವರ ಮಗನೇ ಗಟ್ಟಿಯಾಗಿ ಓದಿದನು: ಪೂರ್ವಕ್ಕೆ ಸರ್ಕಾರಿ ಹಳ್ಳ. ಹಳ್ಳವೇ ಎಲ್ಲೆಯೆಂದ ಮೇಲೆ ಅದು ಜಮೀನಿನೊಳಗೆ ಬರುವುದಿಲ್ಲ. ಪತ್ರದಲ್ಲಿ ವಿಸ್ತೀರ್ಣಕ್ಕೂ ಚೆಕ್ಕುಬಂದಿಗೂ ಹೊಂದಾಣಿಕೆಯಾಗದಿದ್ದರೆ ಸಾಮಾನ್ಯವಾಗಿ ಚೆಕ್ಕುಬಂದಿಯನ್ನೇ ನ್ಯಾಯಾಲಯಗಳು ಎತ್ತಿಹಿಡಿಯುತ್ತವೆ. ಹಿರಿಯರು ಬಹಳ ಹೊತ್ತು ಮಾತನಾಡಲಿಲ್ಲ. ಕೊನೆಗೆ, ಸರ್ಕಾರದವರೇ ಬಂದು ಅಳೆಯಲಿ ಎಂದರು.

ಇಬ್ಬರೂ ಸಹಿ ಮಾಡಿ ಇಡೀ ಸರ್ವೆ ನಂಬರಿನ ಹದ್ದುಬಸ್ತಿಗೆ (ಸರ್ಕಾರಿ ಅಳತೆ ಮಾಡಿಸಿ ಗಡಿ ಗುರುತಿಸುವುದಕ್ಕೆ) ಅರ್ಜಿ ಕೊಟ್ಟೆವು. ಸುತ್ತಲಿನ ಬಾಜೂದಾರರಿಗೆಲ್ಲ ನೋಟಿಸು ಜಾರಿಯಾಗುವಂತೆ ನೋಡಿಕೊಂಡೆವು. ನೋಟಿಸು ತಲುಪದ ಒಬ್ಬರಿದ್ದರೂ ಅಳತೆಯನ್ನು ನಂತರ ಪ್ರಶ್ನಿಸಲು ಅವಕಾಶವಾಗುತ್ತದೆ. ಭೂಮಾಪಕರು ಮೊದಲು ಹುಡುಕಿದ್ದು ನಮ್ಮ ಬದುವನ್ನಲ್ಲ, ಮೂರು ಸರ್ವೆ ನಂಬರುಗಳು ಕೂಡುವ ಮೂಲೆಯ ಗಡಿಕಲ್ಲಾದ ಬಾಂದು ಕಲ್ಲನ್ನು. ಲಂಟಾನದ ಪೊದೆ ಸವರಿ ಮೊಳದಷ್ಟು ಮಣ್ಣು ತೆಗೆದಾಗ ಅದರ ತಲೆ ಕಂಡಿತು. ಟಿಪ್ಪಣಿಯ ಅಳತೆಗಳು ಸರಪಳಿ ಮತ್ತು ಆಣೆಗಳಲ್ಲಿರುತ್ತವೆ: ಒಂದು ಸರಪಳಿಗೆ 33 ಅಡಿ, ಅಂದರೆ 16 ಆಣೆ; 33 ಅಡಿ ಚೌಕವೆಂದರೆ ಒಂದು ಗುಂಟೆ. ಈ ಲೆಕ್ಕವನ್ನು ಹಿರಿಯರಿಗೆ ಮೊದಲೇ ವಿವರಿಸಿದ್ದರಿಂದ ಅವರು ಟೇಪಿನ ಒಂದು ತುದಿಯನ್ನು ತಾವೇ ಹಿಡಿದು ಪ್ರತಿ ಅಳತೆಯನ್ನೂ ಟಿಪ್ಪಣಿಯೊಂದಿಗೆ ತಾಳೆ ನೋಡಿದರು. ಹಳ್ಳವನ್ನು ಬಿಟ್ಟು ಉಳಿದದ್ದು 4 ಎಕರೆ 4 ಗುಂಟೆ. ಬದುವಿನ ಈಚೆ ನಮ್ಮ ಅನುಭವದಲ್ಲಿದ್ದುದು 1 ಎಕರೆ 30 ಗುಂಟೆ, ಆಚೆ ಅವರ ಅನುಭವದಲ್ಲಿದ್ದುದು 2 ಎಕರೆ 14 ಗುಂಟೆ. ಸ್ಥಳದಲ್ಲೇ ಬರೆದ ಮಹಜರಿಗೆ ಎಲ್ಲರೂ ಸಹಿ ಹಾಕಿದರು.

ಅನೇಕರು ಇಲ್ಲಿಗೇ ನಿಲ್ಲಿಸಿಬಿಡುತ್ತಾರೆ. ಮುಂದಿನ ತಲೆಮಾರಿನಲ್ಲಿ ಅದೇ ಜಗಳ ಮತ್ತೆ ಏಳುತ್ತದೆ. ಆಕಾರಬಂದ್‌ಗೆ ಪಹಣಿ ತಾಳೆಯಾಗದೆ ಪೋಡಿ ಮುಂದುವರಿಯುವುದಿಲ್ಲವಾದ್ದರಿಂದ, ಹಿರಿಯರ ಹೆಸರಿನ ವಿಸ್ತೀರ್ಣವನ್ನು ತಿದ್ದುವಂತೆ ಇಬ್ಬರ ಹೇಳಿಕೆಯೊಂದಿಗೆ ತಾಲ್ಲೂಕು ಕಚೇರಿಗೆ ಅರ್ಜಿ ಹಾಕಿದೆವು. ಅವರಿಗೆ ಇದ್ದ ನಿಜವಾದ ಅಳುಕು 11ನೇ ಕಾಲಂನಲ್ಲಿದ್ದ ಬೆಳೆಸಾಲದ್ದು: ವಿಸ್ತೀರ್ಣ ಇಳಿದರೆ ಬ್ಯಾಂಕಿನವರು ಏನೆನ್ನುವರೋ ಎಂದು. ನಾವಿಬ್ಬರೂ ಜೊತೆಯಾಗಿ ಹೋಗಿ ಆಕಾರಬಂದ್ ತೋರಿಸಿ ಲಿಖಿತವಾಗಿ ತಿಳಿಸಿದ ಮೇಲೆ ಆ ಅಳುಕು ಕಳೆಯಿತು. ತಿದ್ದುಪಡಿಯ ಆದೇಶವಾದ ನಂತರ ಪೋಡಿಯಾಗಿ, ಇಬ್ಬರಿಗೂ ಪ್ರತ್ಯೇಕ ಹಿಸ್ಸಾ (ಪಾಲಿನ) ನಂಬರು, ಪ್ರತ್ಯೇಕ ನಕ್ಷೆ, ಪ್ರತ್ಯೇಕ ಪಹಣಿ ಬಂದವು.

ಸಿವಿಲ್ ನ್ಯಾಯಾಲಯಕ್ಕೆ ಹೋಗುವ ಹಾದಿ ಇದ್ದೇ ಇತ್ತು. ಹಕ್ಕಿನ ಬಗ್ಗೆಯೇ ವಿವಾದವಿದ್ದರೆ, ಕ್ರಯಪತ್ರವೇ ನಕಲಿ ಎಂಬ ಆರೋಪವಿದ್ದರೆ, ಅದನ್ನು ತೀರ್ಮಾನಿಸಬೇಕಾದುದು ಆ ನ್ಯಾಯಾಲಯವೇ ಹೊರತು ಕಂದಾಯ ಕಚೇರಿಯಲ್ಲ. ಆದರೆ ಗಡಿ ಮತ್ತು ವಿಸ್ತೀರ್ಣದ ತಕರಾರಿನಲ್ಲಿ ನ್ಯಾಯಾಲಯವೂ ಸಾಮಾನ್ಯವಾಗಿ ಕೋರ್ಟ್ ಕಮಿಷನರರನ್ನು ನೇಮಿಸಿ ಇದೇ ಟಿಪ್ಪಣಿಯ ಮೇಲೆ ಅಳತೆ ಮಾಡಿಸುತ್ತದೆ.

ಹೊಸ ಪಹಣಿ ಕೈಗೆ ಬಂದಾಗ ಇಬ್ಬರೂ ಮೊದಲು ನೋಡಿದ್ದು 3 ಮತ್ತು 9ನೇ ಕಾಲಂಗಳ ಮೊತ್ತ ಸರಿಹೊಂದಿದೆಯೇ ಎಂಬುದನ್ನು. ಹಳೆಯ ಕ್ರಯಪತ್ರದಲ್ಲಿ 2 ಎಕರೆ 20 ಗುಂಟೆ ಎಂಬ ಬರಹ ಹಾಗೆಯೇ ಉಳಿದಿರುವುದರಿಂದ, ಹಿಸ್ಸಾ ನಕ್ಷೆಯನ್ನು ಲಗತ್ತಿಸಿದ ಒಪ್ಪಂದ ಪತ್ರವೊಂದನ್ನು ಬರೆದು ನೋಂದಾಯಿಸಿದೆವು. ಅದಕ್ಕೆ ಸಾಕ್ಷಿಗಳಾಗಿ ಸಹಿ ಮಾಡಿದವರು ಎರಡೂ ಮನೆಯ ಮಕ್ಕಳು.