‘ಭಾವ, ಬಿಡಿ, ಅದು ನಂದು’

2023ರ ಸೆಪ್ಟೆಂಬರ್ 30, ಶನಿವಾರ. ಹಿಂದಿನ ದಿನವಷ್ಟೇ ಕಾವೇರಿ ನೀರಿಗಾಗಿ ಕರ್ನಾಟಕ ಬಂದ್ ಆಗಿತ್ತು. ಅಕ್ಕನ ಮನೆಯಲ್ಲಿ ಎಲ್ಲರೂ ಟಿವಿ ಮುಂದೆ ಕೂತಿದ್ದೆವು. ಹಾಂಗ್‌ಝೌ ಏಷ್ಯನ್ ಗೇಮ್ಸ್‌ನ ಟೆನಿಸ್ ಮಿಕ್ಸೆಡ್ ಡಬಲ್ಸ್ ಫೈನಲ್, ಅಂದರೆ ಒಬ್ಬ ಗಂಡಸು, ಒಬ್ಬ ಹೆಂಗಸು ಜೋಡಿಯಾಗಿ ಆಡುವ ಆಟ. ನಮ್ಮ ಕೊಡಗಿನ ರೋಹನ್ ಬೋಪಣ್ಣ, ಜೊತೆಗೆ ಮಹಾರಾಷ್ಟ್ರದ ಋತುಜಾ ಭೋಸಲೆ. ಎದುರಿಗೆ ಚೈನೀಸ್ ತೈಪೆಯ ಜೋಡಿ. ಮೊದಲ ಸೆಟ್ 2-6ರಲ್ಲಿ ಹೋಯಿತು. ಆಮೇಲೆ 6-3. ಕೊನೆಗೆ, ಮೂರನೇ ಸೆಟ್ ಬದಲು ಹತ್ತು ಪಾಯಿಂಟ್‌ವರೆಗೆ ಆಡುವ ಸೂಪರ್ ಟೈಬ್ರೇಕ್ 10-4. ಚಿನ್ನ!

ನನಗೆ ಆಗ 2016ರ ರಿಯೊ ಒಲಿಂಪಿಕ್ಸ್ ನೆನಪಾಯಿತು. ಅಲ್ಲಿ ಬೋಪಣ್ಣ ಮತ್ತು ಸಾನಿಯಾ ಮಿರ್ಜಾ ಸೆಮಿಫೈನಲ್‌ನ ಮೊದಲ ಸೆಟ್ ಅನ್ನು 6-2ರಿಂದ ಗೆದ್ದಿದ್ದರು. ಎರಡನೆಯದನ್ನು ವೀನಸ್ ವಿಲಿಯಮ್ಸ್–ರಾಜೀವ್ ರಾಮ್ ಜೋಡಿ 6-2ರಿಂದ ತೆಗೆದುಕೊಂಡಿತು. ಟೈಬ್ರೇಕ್ 3-10. ಮುಂದೆ ಕಂಚಿನ ಪಂದ್ಯವೂ ಕೈತಪ್ಪಿತು. ಅವತ್ತು ರಾತ್ರಿ ನನಗೆ ನಿದ್ದೆ ಬಂದಿರಲಿಲ್ಲ. ಅದೇ ಬೋಪಣ್ಣ ಏಳು ವರ್ಷದ ಮೇಲೆ, 43ನೇ ವಯಸ್ಸಿನಲ್ಲಿ, ಸೋತ ಸೆಟ್‌ನಿಂದ ಎದ್ದು ಬಂದರು.

ಆ ಪಂದ್ಯ ಮುಗಿದ ಮೇಲೆ ನಾನು ಭಾವನಿಗೆ ಒಂದು ಮಾತು ಹೇಳಿದೆ. ‘ಭಾವ, ನಮ್ಮ ಆಟದಲ್ಲಿ ನಾನು ಆಡ್ತಾನೇ ಇಲ್ಲ.’

ಭಾವ ಮತ್ತು ನಾನು ನಮ್ಮ ಬಡಾವಣೆಯ ಕ್ಲಬ್‌ನಲ್ಲಿ ನಾಲ್ಕು ವರ್ಷದಿಂದ ಜೋಡಿ. ಅವರದು ಜೋರು ಸರ್ವಿಸ್, ಒಳ್ಳೆಯ ಕಾಲು. ಎದುರಾಳಿಗಳು ಚೆಂಡನ್ನು ನನ್ನ ಕಡೆಗೇ ಹೊಡೆಯುತ್ತಿದ್ದರು. ಮಿಕ್ಸೆಡ್ ಡಬಲ್ಸ್‌ನಲ್ಲಿ ಎಲ್ಲರೂ ಮೊದಲು ಮಾಡುವುದೇ ಅದು, ಅಲ್ವಾ? ನನ್ನನ್ನು ಕಾಪಾಡಲು ಭಾವ ಮಧ್ಯದ ಚೆಂಡಿಗೆಲ್ಲ ಓಡಿ ಬರುತ್ತಿದ್ದರು. ಆಗ ಅವರ ಹಿಂದಿನ ಜಾಗ ಪೂರ್ತಿ ಖಾಲಿ. ಡಬಲ್ಸ್ ಅಂಕಣ 36 ಅಡಿ ಅಗಲ. ಒಬ್ಬರೇ ಕಾಯಲು ಆಗುವುದಿಲ್ಲ. ಆ ವರ್ಷದ ಕ್ಲಬ್ ಟೂರ್ನಿಯಲ್ಲಿ ನಾವು ಸೋತಿದ್ದೇ ಆ ಖಾಲಿ ಜಾಗದಲ್ಲಿ.

ಭಾವ ಸ್ವಲ್ಪ ಹೊತ್ತು ಸುಮ್ನೆ ಇದ್ದರು. ಆಮೇಲೆ, ‘ಸರಿ ಕಣಮ್ಮ, ನಾಳೆಯಿಂದ ನೀನು ಎಡಗಡೆ ನಿಂತ್ಕೋ’ ಎಂದರು.

ಇದು ಸಣ್ಣ ಬದಲಾವಣೆ ಅಲ್ಲ. 30-40, 40-30ರಂಥ ಪಾಯಿಂಟ್‌ಗಳಲ್ಲಿ ಸರ್ವಿಸ್ ಬರುವುದು ಎಡಗಡೆಗೇ. ಹೆಚ್ಚಿನ ಜೋಡಿಗಳು ಅಲ್ಲಿ ಗಂಡಸರನ್ನೇ ನಿಲ್ಲಿಸುತ್ತವೆ. ಆದರೆ ನಾನು ಬಲಗೈ ಆಟಗಾರ್ತಿ. ಎಡಗಡೆ ನಿಂತರೆ ಮಧ್ಯದ ಚೆಂಡು ನನ್ನ ಫೋರ್‌ಹ್ಯಾಂಡ್‌ಗೆ, ಅಂದರೆ ಬಲಗೈ ಕಡೆಗೇ, ಬರುತ್ತದೆ. ಬಲಗಡೆ ಇದ್ದಾಗ ಅದೇ ಚೆಂಡಿಗೆ ಬ್ಯಾಕ್‌ಹ್ಯಾಂಡ್ ಹಾಕಲು ಹೋಗಿ ತಡವರಿಸುತ್ತಿದ್ದೆ. ಭಾವ ಓಡಿ ಬರಲು ಅದೂ ಒಂದು ಕಾರಣ.

ಇನ್ನೊಂದು ವಿಷಯವಿದೆ. ಡ್ಯೂಸ್ (40-40 ಸಮ) ಆದಾಗ ಒಂದೇ ಪಾಯಿಂಟ್‌ನಲ್ಲಿ ಗೇಮ್ ಮುಗಿಸುವ ಪದ್ಧತಿ ನಮ್ಮ ಕ್ಲಬ್‌ನಲ್ಲಿದೆ. ಆ ನಿರ್ಣಾಯಕ ಪಾಯಿಂಟ್‌ಗೆ ಮಿಕ್ಸೆಡ್ ಡಬಲ್ಸ್‌ನಲ್ಲಿ ಬೇರೆ ನಿಯಮ: ಹೆಂಗಸು ಸರ್ವ್ ಮಾಡಿದರೆ ಹೆಂಗಸೇ ರಿಟರ್ನ್ ಮಾಡಬೇಕು, ಗಂಡಸು ಮಾಡಿದರೆ ಗಂಡಸೇ. ಜಾಗ ಅದಲುಬದಲು ಮಾಡುವಂತಿಲ್ಲ. ನನಗೆ ಈ ನಿಯಮ ತುಂಬಾ ಇಷ್ಟ. ಅಲ್ಲಿ ನನ್ನ ಪರವಾಗಿ ಯಾರೂ ಆಡಲು ಆಗುವುದಿಲ್ಲ.

ಹಾಗಾಗಿ ರಿಟರ್ನ್ ಮೇಲೆ ಕೂತೆವು. ವಾರಕ್ಕೆ ಮೂರು ದಿನ, ಬೆಳಗ್ಗೆ ಆರಕ್ಕೆ. ಹಿಂದಿನ ರಾತ್ರಿ ಮಳೆ ಬಂದಿದ್ದರೆ ಮೊದಲು ವೈಪರ್ ಹಿಡಿದು ನೀರು ತಳ್ಳುವುದು. ಭಾವ ಅಂಕಣದ ಹಿಂದಿನ ಗೆರೆಯಾದ ಬೇಸ್‌ಲೈನ್ ಬಿಟ್ಟು, ನೆಟ್‌ಗೆ ಇನ್ನೂ ಹತ್ತಿರದ ಸರ್ವಿಸ್ ಗೆರೆಯ ಬಳಿ ನಿಂತು ಸರ್ವ್ ಹಾಕುತ್ತಿದ್ದರು. ಚೆಂಡು ಅಷ್ಟು ಬೇಗ ಬಂದಾಗ ರ್‍ಯಾಕೆಟ್ ಹಿಂದಕ್ಕೆ ಎಳೆಯಲು ಸಮಯವೇ ಇರುವುದಿಲ್ಲ. ಮುಂದೆ ಹಿಡಿದು ತಡೆಯಬೇಕು, ಅಷ್ಟೇ. ಮೊದಲ ಎರಡು ವಾರ ಹೆಚ್ಚಿನವು ನೆಟ್‌ಗೆ ಹೋದವು. ಮೂರನೇ ವಾರ ಕೈಗೆ ಅಭ್ಯಾಸವಾಯಿತು. ನೆಟ್ ಮಧ್ಯದಲ್ಲಿ 3 ಅಡಿ, ಕಂಬಗಳ ಹತ್ತಿರ ಮೂರೂವರೆ. ಆ ಅರ್ಧ ಅಡಿಯ ಬೆಲೆ ಆಗಲೇ ಗೊತ್ತಾಗಿದ್ದು. ಕಷ್ಟದ ರಿಟರ್ನ್ ಎಲ್ಲ ಮಧ್ಯದ ಮೇಲೆಯೇ ಕಳಿಸಿದೆ.

ಎದುರಾಳಿಯ ತಲೆ ಮೇಲಿಂದ ಎತ್ತಿ ಕಳಿಸುವ ಲಾಬ್ ಕಲಿಯಲು ಜಾಸ್ತಿ ಸಮಯ ಹಿಡಿಯಿತು. ಬೆಂಗಳೂರು ಸಮುದ್ರಮಟ್ಟದಿಂದ 900 ಮೀಟರ್‌ಗಿಂತ ಎತ್ತರದಲ್ಲಿದೆ. ಇಲ್ಲಿಯ ಗಾಳಿ ತೆಳು, ಚೆಂಡು ಸ್ವಲ್ಪ ದೂರವೇ ಹಾರುತ್ತದೆ. ಮಂಗಳೂರಿನಲ್ಲಿ ಗೆರೆಯೊಳಗೆ ಬೀಳುತ್ತಿದ್ದ ನನ್ನ ಲಾಬ್ ಇಲ್ಲಿ ಹೊರಗೆ ಹೋಗುತ್ತಿತ್ತು. ಹೊಡೆತದ ಜೋರು ಕಡಿಮೆ ಮಾಡಿ, ಚೆಂಡನ್ನು ಬೇಗ ಕೆಳಗಿಳಿಸುವ ಮುಂದಿನ ತಿರುಗು, ಟಾಪ್‌ಸ್ಪಿನ್, ಹೆಚ್ಚಿಸಿದೆ.

2024ರ ಫೆಬ್ರುವರಿಯಲ್ಲಿ ಕಬ್ಬನ್ ಪಾರ್ಕ್‌ನ ಕೆಎಸ್‌ಎಲ್‌ಟಿಎ (ರಾಜ್ಯ ಲಾನ್ ಟೆನಿಸ್ ಸಂಸ್ಥೆ) ಕ್ರೀಡಾಂಗಣಕ್ಕೆ ಬೆಂಗಳೂರು ಓಪನ್ ಟೂರ್ನಿ ನೋಡಲು ಹೋದೆವು. ಡಬಲ್ಸ್ ಆಟಗಾರರು ಪ್ರತಿ ಪಾಯಿಂಟ್‌ಗೆ ಮುಂಚೆ ಬಾಯಿಗೆ ಚೆಂಡು ಅಡ್ಡ ಹಿಡಿದು ಮಾತಾಡುತ್ತಾರೆ. ನಾವು ಮಾತಾಡುತ್ತಿದ್ದುದು ತಪ್ಪಾದ ಮೇಲೆ ಮಾತ್ರ. ಅಂದಿನಿಂದ ಒಂದು ಕಟ್ಟುಪಾಡು ಮಾಡಿಕೊಂಡೆವು: ಮಧ್ಯಕ್ಕೆ ಬಂದ ಚೆಂಡಿಗೆ ಯಾರಾದರೂ ಒಬ್ಬರು ‘ನಂದು’ ಎನ್ನಲೇಬೇಕು. ಕೂಗಿದ ಮೇಲೆ ಇನ್ನೊಬ್ಬರು ಬಿಟ್ಟುಬಿಡಬೇಕು.

ಮಾರ್ಚ್‌ನಲ್ಲಿ ಮತ್ತೆ ಕ್ಲಬ್ ಟೂರ್ನಿ. ಸೆಮಿಫೈನಲ್ ಸೂಪರ್ ಟೈಬ್ರೇಕ್‌ಗೆ ಹೋಯಿತು. 9-8, ನಾವು ಮುಂದೆ. ಎದುರಾಳಿ ಹೊಡೆದ ಚೆಂಡು ನಮ್ಮಿಬ್ಬರ ನಡುವೆ ಬಂತು. ಭಾವನ ಕಾಲು ನನ್ನ ಕಡೆ ತಿರುಗಿದ್ದು ಕಂಡಿತು. ‘ಭಾವ, ಬಿಡಿ, ಅದು ನಂದು!’ ಅವರು ನಿಂತುಬಿಟ್ಟರು. ಫೋರ್‌ಹ್ಯಾಂಡ್, ಇಬ್ಬರ ಮಧ್ಯಕ್ಕೆ. ಎದುರಿನವರಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿದರು. ಚೆಂಡು ದಾಟಿ ಹೋಯಿತು.

ಫೈನಲ್ ಸೋತೆವು. ನನ್ನ ಎರಡನೇ ಸರ್ವಿಸ್ ಮೇಲೆ ಅವರು ಒಂದೇ ಸಮನೆ ಬಂದರು, ಅದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಮಾರನೇ ದಿನ ಬೆಳಗ್ಗೆ ಆರಕ್ಕೆ ಹೋದಾಗ ಭಾವ ಆಗಲೇ ಚೆಂಡಿನ ಬುಟ್ಟಿ ತಂದು ನನ್ನ ಬೇಸ್‌ಲೈನ್ ಹತ್ತಿರ ಇಟ್ಟಿದ್ದರು.